ನನ್ನ ಎಡಕ್ಕೆ ನಿಂತು ಹಾಡಿದವಳು

ನವೆಂಬರ್ 6, ಬುಧವಾರ. ಬಂಟ್ವಾಳ

ಬೆಳಿಗ್ಗೆ ಎದ್ದ ಕೂಡಲೇ ಕೀಬೋರ್ಡಿನಲ್ಲಿ ಸ್ಕೇಲ್. ಹನ್ನೆರಡೂ. ಬಹ್ರೈನಿನ ಮನಾಮಾದ ಹೋಟೆಲ್ ಲಾಬಿಯಲ್ಲಿ ಅರ್ಧ ಆಯುಷ್ಯ ಜಾಝ್ ಪಿಯಾನೋ ನುಡಿಸಿದವನಿಗೆ ಇದು ಹಲ್ಲುಜ್ಜಿದ ಹಾಗೆ. ಇಲ್ಲಿಯ ಕೀಬೋರ್ಡಿನವರಿಗೆ ಒಂದು ಸ್ಕೇಲ್ ಸಾಕು. ಹಾಡುವವರು ‘ಕಪ್ಪು ನಾಲ್ಕು’ ಎಂದರೆ ಶ್ರುತಿ ಬದಲಿಸುವ ಟ್ರಾನ್ಸ್‌ಪೋಸ್ ಬಟನ್, ‘ಬಿಳಿ ಐದು’ ಎಂದರೂ ಬಟನ್. ಮದುವೆಯ ಮದರಂಗಿ ಮನೆಗಳಲ್ಲಿ ನಡೆಯುತ್ತದೆ. ನನ್ನಲ್ಲಿ ಇಲ್ಲ.

ಮುಂದಿನ ತಿಂಗಳು ಮೂಡುಬಿದಿರೆಯಲ್ಲಿ ಕಾರ್ಯಕ್ರಮ. ನನ್ನದೇ ಟ್ಯೂನ್, ನನ್ನದೇ ಅರೇಂಜ್‌ಮೆಂಟ್. ತುಳು ಮಾತಿಗೆ ಜಾಝ್ ಕಾರ್ಡ್‌ಗಳು, ಸ್ವರಗಳ ಗೊಂಚಲು. ಮನಾಮಾದಲ್ಲಿ ಯಾರೂ ಕೇಳಲಿಲ್ಲ, ಊಟ ಮಾಡುತ್ತಿದ್ದರು. ಈ ಸಲ ಜನ ನನ್ನನ್ನು ಕೇಳಲಿಕ್ಕೆಂದೇ ಬರುತ್ತಾರೆ. ಹಾಡುವುದು ಮಗಳು ಮೋಕ್ಷಿತಾ.

ಶೀತ ಬಿಟ್ಟಿಲ್ಲ. ಎಡಗಿವಿ ಕಟ್ಟಿದೆ. ಡಾಕ್ಟರಿಗೆ ತೋರಿಸಿ ಎಂದಳು ಹೆಂಡತಿ ದಮಯಂತಿ. ಶೀತಕ್ಕೆಲ್ಲ ಡಾಕ್ಟರ್ ಯಾಕೆ...

ನವೆಂಬರ್ 10

ಫರಂಗಿಪೇಟೆಗೆ ಹೋಗಿ ಮೂಸಾನ ಹತ್ತಿರ ಜಗಳ. ಅವನ ಸೌಂಡ್ಸ್ ಅಂಗಡಿಯಿಂದ ಬಾಡಿಗೆಗೆ ತಂದ ಕೀಬೋರ್ಡು. ಮೇಲಿನ ಸ್ವರಗಳು ಇಳಿದಿವೆ. ಯಾರೋ ಟ್ಯೂನಿಂಗ್ ತಿರುಚಿದ್ದಾರೆ ಎಂದೆ.

“ಇದು ಎಲೆಕ್ಟ್ರಾನಿಕ್ ಮಾರಾಯ್ರೆ. ಇದಕ್ಕೆ ಶೀತ ಆಗುದಿಲ್ಲ.”

ನಗುತ್ತಲೇ ರೀಸೆಟ್ ಮಾಡಿಕೊಟ್ಟ. “ಈಗ ಸರಿ ಉಂಟಾ ಮಾಸ್ಟ್ರೆ?”

ಸರಿ ಇರಲಿಲ್ಲ. ಉಂಟು ಎಂದೆ.

ನವೆಂಬರ್ 17, ಭಾನುವಾರ

ಮನೆಯಲ್ಲೇ ರಿಹರ್ಸಲ್. ಬೆಳ್ತಂಗಡಿಯಿಂದ ಮೋಕ್ಷಿತಾ ಬಂದಳು, ಮಗುವನ್ನು ಗಂಡ ಅಶ್ವಿತನ ಹತ್ತಿರ ಬಿಟ್ಟು. ಯಾವಾಗಿನ ಹಾಗೆ ನನ್ನ ಎಡಕ್ಕೆ ನಿಂತಳು. ಕೆಳಗೆ ಚಂದ ಹಾಡುತ್ತಾಳೆ. ಮೇಲಿನ ಸ್ವರಕ್ಕೆ ಹೋದ ಕೂಡಲೇ ಇಳಿಯುತ್ತಾಳೆ. ನಿಲ್ಲಿಸಿದೆ. ಮತ್ತೆ. ಮತ್ತೆ ನಿಲ್ಲಿಸಿದೆ.

“ನನಗೆ ಸರಿಯಾಗಿಯೇ ಕೇಳ್ತಾ ಉಂಟಲ್ಲ ಅಪ್ಪ.”

ಸ್ಯಾಕ್ಸೋಫೋನಿನ ನಿತೇಶ್ ಮೆಲ್ಲಗೆ ಮೊಬೈಲ್ ತೆಗೆದ. ಶ್ರುತಿ ಅಳೆಯುವ ಟ್ಯೂನರ್ ಆ್ಯಪ್! ನನ್ನ ರಿಹರ್ಸಲ್‌ನಲ್ಲಿ ಅದಕ್ಕೆ ಜಾಗ ಇಲ್ಲ, ಎಲ್ಲರಿಗೂ ಗೊತ್ತು. ಶ್ರುತಿ ಕಿವಿಯಲ್ಲಿರಬೇಕು, ಕಿಸೆಯಲ್ಲಿ ಅಲ್ಲ. ಒಂದು ಸಲ ನೋಡಿದೆ. ಒಳಗಿಟ್ಟ. ದೇವಸ್ಥಾನದ ಸೇವೆಯಲ್ಲಿ ಊದಿ ಬೆಳೆದ ಹುಡುಗ, ಮಾಸ್ಟ್ರ ಎದುರು ಮಾತಾಡುವುದಿಲ್ಲ.

ಆಮೇಲೆ ಹೇಳಿಬಿಟ್ಟೆ. “ನಿನಗೆ ಕಿವಿಯೇ ಇಲ್ಲ ಮೋಕ್ಷಿತಾ. ಇಷ್ಟು ವರ್ಷ ಕಲಿಸಿದ್ದು ಹೊಳೆಯಲ್ಲಿ ಹುಣಸೆಹಣ್ಣು ತೊಳೆದ ಹಾಗಾಯ್ತು.”

ಹುಡುಗರ ಎದುರೇ. ಅವಳು ಚಪ್ಪಲಿ ಹಾಕಿಕೊಂಡು ಹೋದಳು. ಊಟ ಮಾಡಲಿಲ್ಲ.

ನವೆಂಬರ್ 18

ತಾಯಿಗೆ ಫೋನ್ ಮಾಡಿದ್ದಾಳಂತೆ. “ಬೇರೆಯವರನ್ನು ನೋಡ್ಲಿಕ್ಕೆ ಹೇಳು ಅಪ್ಪನಿಗೆ.” ನೋಡುತ್ತೇನೆ. ಅವಳೊಬ್ಬಳೇ ಹಾಡುವವಳಾ?

ನವೆಂಬರ್ 30

ಬರೆಯಲು ಕೈ ಬರುತ್ತಿಲ್ಲ.

ಮೂಡುಬಿದಿರೆಯ ಸಾತ್ವಿಕಾ ಎಂಬ ಹುಡುಗಿಯನ್ನು ಕರೆಸಿದ್ದೆ. ಒಳ್ಳೆಯ ಗಂಟಲು. ಮೋಕ್ಷಿತಾ ಇಳಿದ ಅದೇ ಸ್ವರದಲ್ಲಿ ಅವಳೂ ಇಳಿದಳು. ಸರಿಯಾಗಿ ಅಲ್ಲಿಯೇ. ಡ್ರಮ್ಸಿನ ಸದ್ದು ತಡೆಯದೆ ಎಡಗಿವಿಗೆ ಬೆರಳಿಟ್ಟೆ — ಹುಡುಗಿ ಶ್ರುತಿಯಲ್ಲಿದ್ದಳು. ಬೆರಳು ತೆಗೆದೆ, ಇಳಿದಳು. ಇಟ್ಟೆ, ಸರಿಯಾದಳು.

ಚಾ ಕುಡಿದು ಬನ್ನಿ ಎಂದು ಎಲ್ಲರನ್ನೂ ಕಳುಹಿಸಿದೆ. ಮೇಲಿನ ಒಂದು ಕೀ ಒತ್ತಿ ಹಿಡಿದು ಕೂತೆ. ಬಲಗಿವಿಗೆ ಒಂದು ಸ್ವರ, ಎಡಗಿವಿಗೆ ಬೇರೆ ಸ್ವರ. ಕೀ ಒಂದೇ. ಕೀಬೋರ್ಡಿಗಲ್ಲ, ನನಗೆ ಆದದ್ದು.

ಡಿಸೆಂಬರ್ 4

ಮಂಗಳೂರಿನ ಕಿವಿ ಡಾಕ್ಟರ್. ಎಡಗಿವಿಯ ನರಕ್ಕೆ ಪೆಟ್ಟು. ಕಟ್ಟಿದ ಮೊದಲ ವಾರವೇ ಬಂದಿದ್ದರೆ ಮದ್ದಿಗೆ ಸರಿಯಾಗುವ ಸಾಧ್ಯತೆ ಇತ್ತು ಎಂದರು. ಈಗ ಹೀಗೆಯೇ. ಅವರ ಮಗನೂ ಕೀಬೋರ್ಡ್ ಕಲಿಯುತ್ತಾನಂತೆ. ಅದನ್ನೆಲ್ಲ ಯಾಕೆ ಹೇಳಿದರೋ.

ಬಸ್ಸಿನಲ್ಲಿ ದಮಯಂತಿಯದು ಒಂದೇ ಮಾತು. “ಮಗಳಿಗೆ ಹೇಳಿ.”

“ಪ್ರೋಗ್ರಾಂ ಮುಗೀಲಿ.”

ಈಗ ಹೇಳಿದರೆ ಅಶ್ವಿತನಿಗೆ ಗೊತ್ತಾಗುತ್ತದೆ, ಅಶ್ವಿತನಿಂದ ನಿತೇಶನಿಗೆ, ಸಂಜೆಯೊಳಗೆ ಊರಿಗೆಲ್ಲ. ಕಿವಿ ಕೆಟ್ಟ ಅರೇಂಜರನ್ನು ಯಾರು ಕರೆಯುತ್ತಾರೆ? ಒಂದು ಸಲ, ಒಂದೇ ಸಲ ನನ್ನ ಸಂಗೀತ ಜನರ ಎದುರು ಆಗಲಿ. ಆಮೇಲೆ ಏನಾದರೂ ಆಗಲಿ.

ಹೆದರಿಕೆ. ಬೇರೆ ಏನೂ ಅಲ್ಲ.

ಡಿಸೆಂಬರ್ 15

ತಾಯಿ ಕರೆದದ್ದಕ್ಕೆ ಮೋಕ್ಷಿತಾ ಬಂದಳು. ಎಡಗಿವಿಗೆ ಹತ್ತಿ ಇಟ್ಟು ಕೂತಿದ್ದೆ, ಶೀತ ಎಂದೆ. ಹಾಡಿದಳು. ಕೂದಲೆಳೆಯಷ್ಟೂ ತಪ್ಪಿಲ್ಲ.

“ಈಗ ಸರಿ ಉಂಟು,” ಎಂದೆ. ಅಷ್ಟೇ.

ಅವಳ ಮುಖ ಅರಳಿತು. “ಬೆಳಿಗ್ಗೆ ಎದ್ದು ತಂಬೂರಿ ಆ್ಯಪ್ ಇಟ್ಕೊಂಡು ಆ ಒಂದು ಸ್ವರವನ್ನೇ ಹಾಡಿದ್ದೇನೆ ಅಪ್ಪ. ನೀವು ಹೇಳಿದ್ದು ಹೌದು. ನನಗೆ ಕೇಳ್ತಿರ್ಲಿಲ್ಲ.”

ಇಲ್ಲದ ತಪ್ಪನ್ನು ಒಂದು ತಿಂಗಳು ತಿದ್ದಿದ್ದಾಳೆ. ಬಾಯಿಯವರೆಗೆ ಬಂತು. ನುಂಗಿದೆ. ಅಡುಗೆಮನೆಯಲ್ಲಿ ದಮಯಂತಿ ಪಾತ್ರೆ ಕುಕ್ಕಿದಳು.

ಡಿಸೆಂಬರ್ 22, ಬೆಳಿಗ್ಗೆ

ನಿನ್ನೆ ಆಯಿತು. ಹಾಲ್ ತುಂಬಿತ್ತು. ಹಿಂದೆ ನಿಂತು ಕೇಳಿದವರೂ ಇದ್ದರು.

ಹತ್ತಿ ಇಟ್ಟೇ ಕೂತಿದ್ದೆ. ಮೊದಲ ಎರಡು ಹಾಡಿಗೆ ಡ್ರಮ್ಸ್ ಸರಿಯಾಗಿ ಸಿಗಲಿಲ್ಲ, ತಾಳ ಹಿಂದೆ ಬೀಳುತ್ತಿತ್ತು. ಹತ್ತಿ ತೆಗೆದೆ. ಆಮೇಲೆ ಕಿವಿಯನ್ನು ನಂಬಲಿಲ್ಲ, ಬೆರಳನ್ನು ನಂಬಿದೆ. ಬೆರಳಿಗೆ ಎಲ್ಲ ಗೊತ್ತಿತ್ತು. ಚೆನ್ನಾಗಿ ನುಡಿಸಿದೆ. ಇಷ್ಟು ಚೆನ್ನಾಗಿ ಯಾವತ್ತೂ ನುಡಿಸಿಲ್ಲ.

ಕೊನೆಯ ಹಾಡಿನಲ್ಲಿ ಅವಳು ಮೇಲಿನ ಸ್ವರ ಹಿಡಿದು ನಿಂತಳು. ನನ್ನ ತಲೆಯೊಳಗೆ ಎರಡು ಸ್ವರ ಒಂದಕ್ಕೊಂದು ಉಜ್ಜಿದವು. ಮುಖ ಕಿವುಚಿದ್ದು ನನಗೆ ಗೊತ್ತೇ ಆಗಲಿಲ್ಲ. ಅವಳು ನನ್ನನ್ನೇ ನೋಡುತ್ತಿದ್ದಳು.

ಜನ ಎದ್ದು ನಿಂತು ಚಪ್ಪಾಳೆ ಹೊಡೆದರು. ಅವಳು ಸ್ಟೇಜಿನ ಹಿಂದೆ ಕುರ್ಚಿಯಲ್ಲಿ ಕೂತಿದ್ದಳು.

“ಮತ್ತೆ ಇಳೀತಲ್ಲ ಅಪ್ಪ? ನಿಮ್ಮ ಮುಖ ನೋಡಿದೆ.”

ಆಗ ಎಲ್ಲ ಹೇಳಿದೆ. ಕಿವಿ, ಡಾಕ್ಟರು, ಹತ್ತಿ. ಅವಳು ಸೀರೆಯ ಸೆರಗು ಸರಿಮಾಡಿಕೊಂಡಳು.

“ನನ್ನನ್ನು ಸಮಾಧಾನ ಮಾಡ್ಲಿಕ್ಕೆ ಇಷ್ಟು ದೊಡ್ಡ ಕಥೆ ಬೇಡ. ಕಿವಿ ಹೋದವರು ಹೀಗೆ ನುಡಿಸ್ತಾರಾ?”

ಅಶ್ವಿತ್ ಕಾರ್ ತಂದ. ಹೋದಳು.

ಡಿಸೆಂಬರ್ 23

ನಿತೇಶ್ ರೆಕಾರ್ಡಿಂಗ್ ಕಳುಹಿಸಿದ. ಬಲಗಿವಿಗೆ ಮಾತ್ರ ಇಯರ್‌ಫೋನ್ ಹಾಕಿ ಕೇಳಿದೆ. ಆ ಸ್ವರ ದೀಪ ಹಚ್ಚಿಟ್ಟ ಹಾಗೆ ನಿಂತಿದೆ. ಕೂತಲ್ಲೇ ಅತ್ತುಬಿಟ್ಟೆ. ಅವಳಿಗೆ ಫೋನ್ ಮಾಡಿದೆ. ತೆಗೆಯಲಿಲ್ಲ.

ಡಿಸೆಂಬರ್ 29, ಭಾನುವಾರ

ಬೆಳ್ತಂಗಡಿಗೆ ಹೋಗಿ ಬಂದೆವು, ದಮಯಂತಿಯೂ ನಾನೂ. ಮೋಕ್ಷಿತಾಳ ಎದುರೇ ಡಾಕ್ಟರಿಗೆ ಫೋನ್ ಹಚ್ಚಿ ಮಾತಾಡಿಸಿದೆ. ಕೇಳಿದಳು. ಫೋನ್ ವಾಪಸು ಕೊಟ್ಟಳು.

“ಮೊದಲೇ ಹೇಳ್ಬಹುದಿತ್ತಲ್ಲ ಅಪ್ಪ.”

“ಹೌದು. ತಪ್ಪಾಯ್ತು.”

“ಆಯ್ತು, ನಂಬ್ತೇನೆ. ನನಗೆ ಸಿಟ್ಟಿಲ್ಲ. ಚಾ ಕುಡೀರಿ.”

ಎದೆಯ ಮೇಲಿನ ಕಲ್ಲು ಇಳಿಯಿತು ಅಂದುಕೊಂಡೆ. ಮಗುವನ್ನು ಮಲಗಿಸಲು ಒಳಗೆ ಹೋದಳು. ಹಾಡುತ್ತಿದ್ದಳು — ನನ್ನದೇ ಟ್ಯೂನ್. ಬಾಗಿಲಿನ ಹತ್ತಿರ ಬಲಗಿವಿ ಕೊಟ್ಟು ನಿಂತೆ. ಮೇಲಿನ ಸ್ವರದ ಜಾಗ ಬಂತು. ಅಲ್ಲಿ ಅವಳು ಹಾಡಲಿಲ್ಲ. ಉಸಿರು ಬಿಟ್ಟು, ಆ ಸ್ವರವನ್ನು ದಾಟಿ, ಕೆಳಗಿನಿಂದ ಮುಂದುವರಿದಳು. ಮತ್ತೊಮ್ಮೆ ಸುತ್ತಿ ಬಂದಾಗಲೂ ಹಾಗೆಯೇ.

ಒಳಗೆ ಹೋಗಿ ಹೇಳಬೇಕೆಂದು ಹೊರಟೆ. ದಮಯಂತಿ ಕೈ ಹಿಡಿದು ನಿಲ್ಲಿಸಿದಳು. “ಹೇಳಿದ್ದು ಸಾಕು.”

ನಾನು ಬಾಗಿಲಲ್ಲೇ ನಿಂತು ಮೂರನೆಯ ಸುತ್ತಿಗೆ ಕಾದೆ, ಆಗಲೂ ಆ ಸ್ವರ ಬರಲಿಲ್ಲ.