ಅಲಸಂದಿ ಡಬ್ಬಿ

ಜೂನ್ 9, ಸೋಮವಾರ. ಬೆಳಿಗ್ಗೆ 5.40

ಮತ್ತೆ ಬೇಯಲಿಲ್ಲ. ನಾಲ್ಕು ಸೀಟಿ ಕೂಗಿಸಿದೆ, ಕಾಳು ಕಾಳಾಗಿಯೇ ಕೂತಿದೆ. ಅಲಸಂದಿಗೂ ನನ್ನ ಮೇಲೆ ಸಿಟ್ಟು. ರಾತ್ರಿಯೇ ನೆನೆಸಬೇಕಿತ್ತಂತೆ. ಮೊದಲ ಸಾಲಿನಲ್ಲೇ ಬರೆದಿದ್ದಾಳೆ. ನಾನು ಎರಡನೇ ಸಾಲಿನಿಂದ ಓದಿದ್ದೆ. ನನ್ನ ಬುದ್ಧಿಯೇ ಇಷ್ಟು.

ಈ ಡೈರಿ ನನ್ನ ಹೆಂಡತಿ ಸುವರ್ಣಾಳದು. ಜನವರಿಯ ಮೊದಲ ಪುಟದಲ್ಲಿ ಒಂದೇ ಒಂದು ಅಡುಗೆ ಬರೆದು, ಉಳಿದದ್ದನ್ನೆಲ್ಲ ಖಾಲಿ ಬಿಟ್ಟು ಇಂಗಳೇಶ್ವರಕ್ಕೆ, ತವರಿಗೆ ಹೋದಳು. ಇಪ್ಪತ್ತಮೂರು ದಿನ ಆಯಿತು. ಫೋನ್ ಎತ್ತುವುದಿಲ್ಲ. ಯಾರಾದರೂ ಕೇಳಿದರೆ 'ಪಂಚಮಿಗೆ ಹೋಗ್ಯಾಳ' ಎನ್ನುತ್ತೇನೆ. ನಾಗರಪಂಚಮಿ ಇನ್ನೂ ಒಂದೂವರೆ ತಿಂಗಳು ದೂರ. ಕೇಳಿದವರು ನಗುವುದಿಲ್ಲ, ಅದೇ ಕಷ್ಟ.

ಡ್ಯೂಟಿಗೆ ಹೊತ್ತಾಯಿತು. ಕಾಳನ್ನು ಪಕ್ಕದ ಮನೆಯ ಪೀರಬಿಯ ಕೋಳಿಗೆ ಹಾಕಿದೆ.

ಜೂನ್ 10, ಮಂಗಳವಾರ. ಬೆಳಿಗ್ಗೆ 7

ಆಯಿತು! ಅವಳು ಬರೆದಂತೆಯೇ ಮಾಡಿದೆ —

'ಬಿಳಿ ಅಲಸಂದಿ ಎರಡು ಮುಷ್ಟಿ. ರಾತ್ರಿ ನೆನೆಸಿಡುವುದು. ಬೆರಳಲ್ಲಿ ಹಿಚುಕಿದರೆ ಬೆಣ್ಣೆಯಾಗುವಷ್ಟು ಬೇಯಿಸಿ, ನೀರು ಬಸಿದು, ಆರಿಸಿ ರುಬ್ಬುವುದು. ಹುರಿದ ಬಿಳಿ ಎಳ್ಳು ಒಂದು ಚಮಚ. ಬೆಳ್ಳುಳ್ಳಿ ಎರಡೇ ಎಸಳು. ಶೇಂಗಾ ಎಣ್ಣೆ ಸ್ವಲ್ಪ. ಉಪ್ಪು, ನಿಂಬೆ. ಖಾರ ಬೇಡ. ಬ್ರೆಡ್ಡಿಗೆ ಸವರಿ ತಿನ್ನುವುದು. ರಕ್ತಕ್ಕೆ ಒಳ್ಳೆಯದು.'

'ಆರಿಸಿ' ಎಂಬುದನ್ನು ಬಿಟ್ಟೆ, ಬಸ್ಸಿಗೆ ಹೊತ್ತಾಗಿತ್ತು. ಬಿಸಿಬಿಸಿಯಾಗಿಯೇ ಸ್ಟೀಲ್ ಡಬ್ಬಿಗೆ ತುಂಬಿ, ಅರಿವೆಯಲ್ಲಿ ಕಟ್ಟಿ, ಇಂಗಳೇಶ್ವರದ ಬಸ್ಸಿನ ಕಂಡಕ್ಟರ್ ಯುನೂಸನ ಕೈಗೆ ಕೊಟ್ಟೆ.

"ಸಾಲಿ ಹುಡುಗ್ರ ಬುತ್ತಿ ಹಳ್ಳಿಯಿಂದ ಊರಿಗೆ ಬರ್ತಾವು. ನಿಂದು ಊರಿಂದ ಹಳ್ಳಿಗೆ ಹೊಂಟೈತಲ್ಲೋ ಬೀರಣ್ಣ, ಉಲ್ಟಾ" ಎಂದ.

"ಸುಮ್ನ ಒಯ್ಯೋ ಮಾರಾಯ" ಎಂದೆ. ಆಮೇಲೆ ಮೈಕಿನಲ್ಲಿ ನಾನೇ ಆ ಬಸ್ಸು ಕೂಗಿದೆ. ಮುದ್ದೇಬಿಹಾಳ ಸ್ಟ್ಯಾಂಡಿನಲ್ಲಿ ಹನ್ನೊಂದು ವರ್ಷದಿಂದ ಬಸ್ಸು ಕೂಗುವುದೇ ನನ್ನ ಕೆಲಸ. ಇವತ್ತು ಇಂಗಳೇಶ್ವರ ಎನ್ನುವಾಗ ಅರ್ಧಕ್ಕೇ ನಿಲ್ಲಿಸಿದೆ. ಎರಡು ಸಲ ಕೂಗಬೇಕಾಯಿತು.

ಜೂನ್ 12, ಗುರುವಾರ

ಡಬ್ಬಿ ವಾಪಸ್ ಬಂತು.

"ಹಳಸಿತ್ತಂತ. ಬಿಸಿದು ಮುಚ್ಚಿದ್ಯಾ?" ಎಂದ ಯುನೂಸ.

ಮುಖ ಎಲ್ಲಿಡಲಿ ತಿಳಿಯಲಿಲ್ಲ. ಆದರೆ ಮುಚ್ಚಳ ತೆಗೆದರೆ — ತಳದಲ್ಲಿ ಒಂದು ಚಿಟಿಕೆ ಸಕ್ಕರೆ!

ಡಬ್ಬಿ ಬರಿದು ಕೊಡಬಾರದು. ಸುವರ್ಣಾ ಇದರಲ್ಲಿ ಬಲು ಕಟ್ಟುನಿಟ್ಟು. ಒಂದು ಸಲ ಪೀರಬಿ ಈದ್ ದಿನ ಶೀರಕುರ್ಮಾ ಕಳಿಸಿದ್ದಳು. ಆ ಹೊತ್ತಿಗೆ ನಮ್ಮ ಮನೆಯಲ್ಲಿ ಹಾಕಿ ಕೊಡಲು ಏನೂ ಇರಲಿಲ್ಲ. ಹಿತ್ತಲಿಗೆ ಹೋಗಿ ಒಂದು ಕಡ್ಡಿ ಕರಿಬೇವು ಮುರಿದು ತಂದು ಹಾಕಿದಳು. "ಮಂದಿ ಡಬ್ಬಿ ಖಾಲಿ ಕೊಟ್ರ, ಇನ್ನ ನಮಗೂ ನಿಮಗೂ ಏನೂ ಇಲ್ಲ ಅಂದಂಗ್ರಿ" ಎಂದಿದ್ದಳು ನನಗೆ.

ಸಕ್ಕರೆ ಬಾಯಿಗೆ ಹಾಕಿಕೊಂಡೆ. ಮೂವತ್ತಾರು ವರ್ಷದ ಗಂಡಸು, ಕಂಟ್ರೋಲ್ ರೂಮಿನಲ್ಲಿ ಕೂತು ಡಬ್ಬಿ ನೆಕ್ಕಿದೆ. ಅವಳಿಗೆ ಇನ್ನೂ ನಾನು ಬೇಕು. ಇಲ್ಲದಿದ್ದರೆ ಸಕ್ಕರೆ ಯಾಕೆ?

ಜೂನ್ 19, ಗುರುವಾರ

ಎರಡನೇ ಡಬ್ಬಿ ಹೋಯಿತು. ಚೆನ್ನಾಗಿ ಆರಿಸಿದೆ. ಬೆಳಿಗ್ಗೆ ಅವ್ವ ಅಡುಗೆಮನೆ ಬಾಗಿಲಲ್ಲಿ ನಿಂತು ನೋಡಿದಳು. ಆಮೇಲೆ ಹಿತ್ತಲಿಗೆ ಹೋದಳು. ಹಿಂದೆ ಸುವರ್ಣಾ ಇದನ್ನು ಮಾಡಿಕೊಂಡಾಗ ಅವ್ವ 'ಹಲ್ಲಿಲ್ಲದವ್ರ ಊಟ' ಎಂದು ನಗುತ್ತಿದ್ದಳು.

ಬರೆದುಬಿಡುತ್ತೇನೆ. ಯಾರು ಓದುತ್ತಾರೆ?

ಎರಡು ಸಲ ಬಸಿರು ನಿಲ್ಲಲಿಲ್ಲ. ಎರಡನೆಯದು ನಾಲ್ಕು ತಿಂಗಳದ್ದು. ರಕ್ತ ಬಹಳ ಕಡಿಮೆ, ಕಾಳುಕಡಿ ತಿನ್ನಲಿ ಎಂದರು ಡಾಕ್ಟರು. ಅದಕ್ಕೇ ಈ ಅಲಸಂದಿ. ಮೊಬೈಲಿನಲ್ಲಿ ಯಾವುದೋ ಊರಿನ ಅಡುಗೆ ನೋಡಿ, ನಮ್ಮ ಕಾಳಿಗೆ ಹೊಂದಿಸಿಕೊಂಡಿದ್ದಳು. ತಾನೇ ಮಾಡಿಕೊಂಡು, ತಾನೇ ಮೂಲೆಯಲ್ಲಿ ಕೂತು ತಿನ್ನುತ್ತಿದ್ದಳು.

ಮೇ ತಿಂಗಳು. ಊಟಕ್ಕೆ ಕೂತಿದ್ದೆ. ಸುವರ್ಣಾ ರೊಟ್ಟಿ ಬಡಿಯುತ್ತಿದ್ದಳು. ಅವಳಿಗೆ ಕೇಳುವ ಹಾಗೆಯೇ ಅವ್ವ ಅಂದಳು, "ಇನ್ನೊಬ್ಬಾಕಿನ್ನ ನೋಡೂದು ಛಲೋ. ಮೋರಟಗ್ಯಾಗ ಒಂದು ಹುಡುಗಿ ಐತಂತ. ಹೋಗಿ ಬರೂನೇನೋ?"

ರೊಟ್ಟಿ ಬಡಿಯುವ ಸಪ್ಪಳ ನಿಂತಿತು. ಅವಳು ನನ್ನ ಮುಖ ನೋಡಿದಳು. ಬರೀ 'ಬ್ಯಾಡ' ಅಂದಿದ್ದರೆ ಸಾಕಿತ್ತು.

ನಾನು ಅಂದೆ — "ಇನ್ನೊಂದು ರೊಟ್ಟಿ ಹಾಕು."

ಹಾಕಿದಳು. ಬಿಸಿ ರೊಟ್ಟಿ. ತಿಂದೆ. ಮರುದಿನ ಮೊದಲ ಬಸ್ಸಿಗೆ ಹೋದಳು. ಅವಳು ಹತ್ತಿದ ಬಸ್ಸನ್ನೂ ನಾನೇ ಕೂಗಿದೆ.

ಜುಲೈ 3, ಗುರುವಾರ

ಈ ಸಲ ಡಬ್ಬಿಯಲ್ಲಿ ಒಂದು ಹಿಡಿ ಶೇಂಗಾ. ಹುರಿದದ್ದು. ಸಕ್ಕರೆಯಿಂದ ಶೇಂಗಾಕ್ಕೆ ಬಂದೆವು, ಅಂದರೆ ಸಿಟ್ಟು ಇಳಿಯುತ್ತಿದೆ. ದಿನಕ್ಕೆ ಐದೈದು ತಿನ್ನುತ್ತಿದ್ದೇನೆ. ಯುನೂಸ ಎರಡು ಕೇಳಿದ, ಕೊಡಲಿಲ್ಲ.

"ನೀನ ಹೋಗಿ ಕರ್ಕೊಂಡು ಬರಬಾರದೇನೋ?" ಎಂದ.

"ಆಕಿ ಬಾ ಅಂದ ಮ್ಯಾಲೆ ಹೋಗ್ತೇನಿ."

ಸುಳ್ಳು. ಹೆದರಿಕೆ. ಎದುರು ನಿಂತರೆ ಮತ್ತೆ ಬಾಯಿ ಬರದಿದ್ದರೆ?

ಇವತ್ತು ಇನ್ನೊಂದು ಕಂಡೆ. ಅಡುಗೆ ಬರೆದ ಪುಟದ ತಳದಲ್ಲಿ, ಅಂಚಿಗೆ, ಬಹಳ ಸಣ್ಣ ಅಕ್ಷರದಲ್ಲಿ: 'ಅವರಿಗೂ ಒಮ್ಮೆ ತಿನ್ನಿಸಬೇಕು.'

ನಾನು ಒಂದು ದಿನವೂ ಕೇಳಿರಲಿಲ್ಲ, ಏನು ತಿನ್ನುತ್ತಿದ್ದೀ ಎಂದು. ಇವತ್ತು ಕಳಿಸಲು ರುಬ್ಬಿದ್ದರಲ್ಲಿ ಒಂದು ಚಮಚ ಬಾಯಿಗೆ ಹಾಕಿಕೊಂಡೆ. ಖಾರವಿಲ್ಲದ್ದು ನಮ್ಮ ನಾಲಿಗೆಗೆ ಏನು ಹತ್ತೀತು ಎಂದುಕೊಂಡಿದ್ದೆ. ಮೆತ್ತಗಿತ್ತು. ಎಳ್ಳಿನ ಘಮ. ನಿಂಬೆ ಕೊನೆಗೆ ಬರುತ್ತದೆ. ಚೆನ್ನಾಗಿತ್ತು ಸುವರ್ಣಾ. ಅಡುಗೆಮನೆಯಲ್ಲಿ ನಿಂತು ಅತ್ತುಬಿಟ್ಟೆ.

ಜುಲೈ 30, ಬುಧವಾರ

ನಿನ್ನೆ ಪಂಚಮಿ. ಇವತ್ತು ಡಬ್ಬಿಯಲ್ಲಿ ಉಂಡಿ. ಜೋಳದ ಅರಳಿನ ಅಳ್ಳಿಟ್ಟಿನದು ಒಂದು, ಎಳ್ಳಿಂದು ಒಂದು. ಎರಡು! ಸ್ಟ್ಯಾಂಡಿನವರಿಗೆಲ್ಲ ಚಹಾ ಕುಡಿಸಿದೆ. ಯಾಕೆ ಎಂದರೆ ಹೇಳಲಿಲ್ಲ.

ಒಂದು ತಿಂದೆ. ಒಂದನ್ನು ಎತ್ತಿಟ್ಟಿದ್ದೇನೆ. ಅವಳು ಬಂದ ಮೇಲೆ ಅರ್ಧರ್ಧ.

ಪಂಚಮಿ ಮುಗಿಯಿತು. ಇನ್ನು ಜನರಿಗೆ ಹೇಳಲು ನೆಪವಿಲ್ಲ. ಮುಂದಿನ ವಾರದ ರಜೆಗೆ ಹೋಗುತ್ತೇನೆ. ಏನು ಹೇಳಬೇಕು ಎಂಬುದನ್ನು ಖಾಲಿ ಕಂಟ್ರೋಲ್ ರೂಮಿನಲ್ಲಿ ನಾಲ್ಕು ಸಲ ಹೇಳಿಕೊಂಡೆ. ಮೈಕ್ ಆಫ್ ಇದೆಯೋ ಇಲ್ಲವೋ ಎಂದು ಎರಡೆರಡು ಸಲ ನೋಡಿಕೊಂಡು.

ಆಗಸ್ಟ್ 10, ಭಾನುವಾರ. ಸಂಜೆ 6

ಹೋಗಿ ಬಂದೆ.

ಅತ್ತೆ ಕಟ್ಟೆಯ ಮೇಲೆ ಕೂತಿದ್ದಳು. ತುಂಬಿ ತಂದ ಡಬ್ಬಿ ನನ್ನ ಕೈಯಲ್ಲೇ ಇತ್ತು. ನೀರು ಕೊಟ್ಟಳು. ಒಳಗೆ ಇಣುಕಿದೆ. ಹಗ್ಗದ ಮೇಲೆ ಅವಳ ಒಂದು ಸೀರೆಯೂ ಇಲ್ಲ.

"ಆಕಿ ಇಲ್ಲೆಲ್ಲಿ ಅದಾಳಪಾ? ಬಂದ ವಾರದಾಗ ಇಂಡಿಗೆ ಹೋದ್ಲು. ಗೆಳತಿ ಸುರೇಖಾನ ಬಾಡಿಗಿ ಖೋಲ್ಯಾಗ ಇರ್ತಾಳ. ಸೀರಿಗೆ ಫಾಲ್ ಹಚ್ಚೂ ಕೆಲಸ ಹಿಡದಾಳ."

"ಮತ್ತ ಡಬ್ಬಿ...?"

ಅತ್ತೆ ನೆಲ ನೋಡಿದಳು. "ಬಸ್ಸಿನವನ ಕೈಯಿಂದ ನಾನ ಇಸ್ಕೊಂಡು, ನಾನ ತಿಂತಿದ್ನೆಪಾ. ಮೊದಲನೇದು ಹಳಸಿತ್ತು, ಮುಂದಿನವು ಛಲೋ ಇದ್ವು. ನನಗ ಹಲ್ಲಿಲ್ಲ ನೋಡು, ರೊಟ್ಟಿಗೆ ಸವರಕೊಂಡ್ರ ಮೆತ್ತಗ ಆಕ್ಕಿತ್ತು."

"ಸಕ್ಕರಿ? ಉಂಡಿ?"

"ಡಬ್ಬಿ ಬರಿದು ಕೊಡಬಾರದಲ್ಲ. ನಾನ ಹಾಕತಿದ್ದೆ. ಆಕಿಗೆ ಗೊತ್ತ ಇಲ್ಲ. ಆಕಿಗೆ ಹೇಳಬೇಕು ಅಂತಿದ್ದೆ, ನಿನ್ನ ಹೆಸರು ತಗದ್ರ ಫೋನ ಇಡ್ತಾಳ." ನನ್ನ ಕೈಯ ಡಬ್ಬಿ ನೋಡಿ, "ನಿನಗ ಹೇಳಿದ್ರ ನೀ ಕಳಸೂದು ಬಿಡ್ತಿದ್ದಿ. ಈ ಮನಿಗೆ ನಿನ್ನ ಕಡಿಂದ ಬರೂದು ಅದೊಂದ ಉಳದಿತ್ತು" ಎಂದಳು.

ಸಿಟ್ಟು ಬರಲಿಲ್ಲ. ಬಂದಿದ್ದರೆ ಚೆನ್ನಾಗಿತ್ತು. ತಂದ ಡಬ್ಬಿ ಅಲ್ಲೇ ಇಟ್ಟು ಎದ್ದೆ. ಸುರೇಖಾಳ ವಿಳಾಸ ಬರೆದುಕೊಂಡೆ. ಎರಡು ತಿಂಗಳು ಒಂದು ಚಿಟಿಕೆ ಸಕ್ಕರೆಯ ಮೇಲೆ ಸಂಸಾರ ಮಾಡಿದೆ.

ಆಗಸ್ಟ್ 11, ಸೋಮವಾರ. ಬೆಳಿಗ್ಗೆ

ಅವ್ವನ ಎದುರು ಕೂತೆ. ಅವಳು ಹೋದ ಎಂಬತ್ತಾರು ದಿನಗಳ ಮೇಲೆ ಬಾಯಿ ಬಂತು.

"ಅವ್ವ, ಮೋರಟಗಿ ಮಾತು ಇನ್ನ ಎತ್ತಬ್ಯಾಡ. ನನಗ ಸುವರ್ಣಾನ ಬೇಕು. ಮಕ್ಕಳು ಆಗಲಿ, ಬಿಡಲಿ."

ಕೂಗಾಡುತ್ತಾಳೆ ಎಂದುಕೊಂಡಿದ್ದೆ. ಸೆರಗಿನಿಂದ ಮೂಗು ಒರೆಸಿಕೊಂಡಳು. "ಇದನ್ನ ಅವತ್ತ ಯಾಕ ಅನ್ನಲಿಲ್ಲೋ? ನೀ ಒಂದು ಮಾತು ಬ್ಯಾಡ ಅಂದಿದ್ರ ನಾ ಅಲ್ಲಿಗೇ ಬಾಯಿ ಮುಚ್ಚತಿದ್ದೆ. ನೀ ರೊಟ್ಟಿ ಕೇಳಿದಿ. ಮಗಗೂ ಮನಸ್ಸೈತಿ ಅನಕೊಂಡೆ."

ಎದ್ದು ಹೊರಗೆ ಬಂದೆ. ಚಪ್ಪಲಿ ಹಾಕಿಕೊಳ್ಳುವುದನ್ನೂ ಮರೆತು ಸ್ಟ್ಯಾಂಡಿನವರೆಗೆ ನಡೆದೆ.

ಆಗಸ್ಟ್ 18, ಸೋಮವಾರ. ಬೆಳಿಗ್ಗೆ 6.30

ಇವತ್ತು ಡಬ್ಬಿ ಇಂಡಿಗೆ. ಬೆರಳಲ್ಲಿ ಹಿಚುಕಿ ನೋಡಿದೆ, ಬೆಣ್ಣೆ. ಪೂರ್ತಿ ಆರಿಸಿದೆ. ಎಳ್ಳು ಅವ್ವ ಹುರಿದುಕೊಟ್ಟಳು, ಕೇಳದೆಯೇ. ಹಸಿ ಬೆಳ್ಳುಳ್ಳಿ ಸುವರ್ಣಾಳಿಗೆ ಘಾಟಾಗುತ್ತದೆ, ಅದಕ್ಕೇ ಎರಡೇ ಎಸಳು. ನನ್ನ ಕೈಯಲ್ಲಿ ಇಷ್ಟು ಚೆನ್ನಾಗಿ ಯಾವತ್ತೂ ಆಗಿರಲಿಲ್ಲ.

ಚೀಟಿಯನ್ನು ಏಳು ಸಲ ಬರೆದು ಹರಿದೆ. ಎಂಟನೆಯದರಲ್ಲಿ ಇಷ್ಟೇ: 'ಅವತ್ತು ನಾನು ರೊಟ್ಟಿ ಕೇಳಬಾರದಿತ್ತು. ಅವ್ವನಿಗೆ ಹೇಳಿದ್ದೇನೆ. ಕರೆಯಲು ಬರಲೇ? ಬೀರಣ್ಣ.' ಅರಿವೆಯ ಗಂಟಿನೊಳಗೆ ಸಿಕ್ಕಿಸಿದೆ. ಇಂಡಿ ಬಸ್ಸಿನ ಕಂಡಕ್ಟರ್ ಬಾಬುಲಾಲನಿಗೆ ಸುರೇಖಾಳ ವಿಳಾಸ ಬರೆದುಕೊಟ್ಟೆ. ಕೈಯಲ್ಲೇ ಮುಟ್ಟಿಸುತ್ತೇನೆ ಎಂದಿದ್ದಾನೆ.

ಆಗಸ್ಟ್ 19

ಬಾಬುಲಾಲ ಮುಟ್ಟಿಸಿದ್ದಾನೆ. ಅವಳೇ ಇಸಿದುಕೊಂಡಳಂತೆ. ಚೀಟಿ ಅಲ್ಲೇ ನಿಂತು ಓದಿದಳಂತೆ. ಮುಖ ಹೇಗಿತ್ತು ಎಂದರೆ, "ನಾ ಏನ್ ಮುಖಾ ನೋಡ್ಲ್ಯೋ, ಟಿಕೇಟ್ ಕೊಡ್ಲ್ಯೋ" ಎಂದ.

ಎತ್ತಿಟ್ಟ ಉಂಡಿಗೆ ಇರುವೆ ಹತ್ತಿತ್ತು. ಒರೆಸಿ ಮತ್ತೆ ಇಟ್ಟಿದ್ದೇನೆ.

ಆಗಸ್ಟ್ 20

ಬರಲಿಲ್ಲ. ಡಬ್ಬಿ ನಾಳೆ ಬರಬಹುದು. ಕಾಳು ನೆನೆಹಾಕಿದೆ.

ಆಗಸ್ಟ್ 21, ಗುರುವಾರ. ಮಧ್ಯಾಹ್ನ 2.15

ಬಂತು. ಬಾಬುಲಾಲ ಕಿಟಕಿಯಿಂದ ಕೊಟ್ಟ.

"ಆಕೀನ ಸ್ಟ್ಯಾಂಡಿಗೆ ಬಂದಿದ್ಲು. ಹುಷಾರ ಒಯ್ರಿ, ಡಬ್ಬಿ ಅವರ ಮನೀದು, ಮುಟ್ಟಸ್ರಿ ಅಂದ್ಲು."

"ಮತ್ತೇನರ?"

"ಮತ್ತೇನಿಲ್ಲ."

ಗಂಟು ಅವಳದೇ. ಎರಡು ಸುತ್ತು ಹಾಕಿ ತುದಿಯನ್ನು ಒಳಗೆ ಸಿಕ್ಕಿಸುವುದು. ಬಿಗಿಯಾಗಿತ್ತು, ಹಲ್ಲಿನಿಂದ ಎಳೆದೆ. ಅರಿವೆ ಒಗೆದಿದ್ದಾಳೆ. ಚೀಟಿ ಇರಲಿಲ್ಲ. ಡಬ್ಬಿ ತಿಕ್ಕಿ ತೊಳೆದು, ಒರೆಸಿ, ಒಣಗಿಸಿದ್ದಾಳೆ. ತಿಂದಳೋ, ಚೆಲ್ಲಿದಳೋ ತಿಳಿಯುವುದಿಲ್ಲ. ಬೆಳಕಿಗೆ ಹಿಡಿದು ನೋಡಿದೆ. ತಳಕ್ಕೆ ಬೆರಳು ಆಡಿಸಿ ನಾಲಿಗೆಗೆ ಹಚ್ಚಿಕೊಂಡೆ. ಸಕ್ಕರೆಯ ಒಂದು ಹರಳೂ ಇಲ್ಲ. ಮುಚ್ಚಳದ ಒಳಗೂ ನೋಡಿದೆ.

ಬರಿದು.

ಕರಿಬೇವು ಹುಡುಕಿಕೊಂಡು ಹಿತ್ತಲಿಗೆ ಹೋದವಳು. ಮರೆತಿರಲಾರಳು. ಅವಳು ಮರೆಯುವವಳಲ್ಲ.

2.40ರ ಇಂಗಳೇಶ್ವರದ ಬಸ್ಸು ನಿಂತಿದೆ. ಕೂಗಬೇಕು. ಯುನೂಸ ಎರಡು ಸಲ ಹಾರ್ನ್ ಹೊಡೆಸಿದ.

ನಿನ್ನೆ ನೆನೆಹಾಕಿದ ಕಾಳು ಮನೆಯಲ್ಲಿದೆ. ಎರಡು ಮುಷ್ಟಿ. ಇಷ್ಟೊತ್ತಿಗೆ ಉಬ್ಬಿರುತ್ತದೆ. ಇನ್ನು ಅದನ್ನು ಯಾರಿಗೆ ಬೇಯಿಸಲಿ?