ದನಗಳ ಹಿಂದೆ ಹೋದವರು

ಜೆದ್ದಾ
೧೪ ಮಾರ್ಚ್ ೧೯೮೭

ಪ್ರೀತಿಯ ಅಮ್ಮನಿಗೆ ನಿನ್ನ ಪೆಂಡಾಳ ಸಲಾಂ.

ಈ ಕಾಗದ ನಿನ್ನ ಕೈ ಸೇರುವ ಹೊತ್ತಿಗೆ ಸಾಂಬೋ ನಿನ್ನ ಅಂಗಳದಲ್ಲಿ ಕೂತು ಸಜ್ಜೆ ಗಂಜಿ ಕುಡಿಯುತ್ತಿರಬಹುದು. ನಿನ್ನ ತಮ್ಮನ ಮಗನಾದ ಅವನೂ ಜೊತೆಯ ದನಗಾಹಿಗಳೂ ನದಿಯಾಚೆಯವರ ಸೆರೆಯಿಂದ ಐದು ತಿಂಗಳ ಮೇಲೆ ಬಿಡುಗಡೆಯಾದರು ಎಂದು ರೇಡಿಯೋದಲ್ಲಿ ಕೇಳಿರುತ್ತೀಯ. ಅದು ಹೇಗಾಯಿತು ಎನ್ನುವುದನ್ನು ರೇಡಿಯೋದವರು ಹೇಳುವುದಿಲ್ಲ. ಅದಕ್ಕೇ ಬರೆಯುತ್ತಿದ್ದೇನೆ.

ಹೊರಡುವಾಗ ನೀನು ನನ್ನ ಕೈ ಹಿಡಿದು, "ನಿಮ್ಮಪ್ಪ ಅಷ್ಟೊಂದು ಮುಸ್ಲಿಂ ದೇಶಗಳ ಒಕ್ಕೂಟಕ್ಕೇ ಪ್ರಧಾನ ಕಾರ್ಯದರ್ಶಿ ಕಣೇ. ನದಿಯಾಚೆಯ ಸರ್ಕಾರಕ್ಕೆ ಒಂದು ಮಾತು ಹೇಳಿದ್ರೆ ಸಾಕು, ನಮ್ಮ ಹುಡುಗನ್ನ ಬಿಡ್ತಾರೆ" ಅಂದಿದ್ದೆ. ನಾನೂ ಹಾಗೇ ತಿಳಿದಿದ್ದೆ. ಬಂದ ದಿನವೇ ಅಪ್ಪನನ್ನು ಕೇಳಿದೆ.

"ಹೇಳೋದು ಅಂದ್ರೆ ಏನು ಪೆಂಡಾ? ನಾನು ಯಾರಿಗೂ ಅಪ್ಪಣೆ ಕೊಡೋ ಹಾಗಿಲ್ಲ" ಅಂದ.

"ಇಷ್ಟು ದೊಡ್ಡ ಕಚೇರಿ ಇದೆ. ನಿನ್ನ ಕೈಕೆಳಗೆ ಸೈನ್ಯ ಇಲ್ವಾ?"

"ಬಾಗಿಲಲ್ಲಿ ಇಬ್ಬರು ಕಾವಲುಗಾರರಿದ್ದಾರೆ. ಅವರೂ ನನ್ನ ಮಾತು ಕೇಳಲ್ಲ."

ಸಾಂಬೋನ ಹೆಸರು ಮಾತ್ರ ತಾನು ಎತ್ತುವುದಿಲ್ಲ ಎಂದ. ಒಬ್ಬ ತನ್ನ ನೆಂಟ ಎಂದು ಗೊತ್ತಾದರೆ ಆಚೆಯವರು ಅವನನ್ನೇ ಹಿಡಿದುಕೊಂಡು ಚೌಕಾಶಿಗೆ ಇಳಿಯುತ್ತಾರೆ, ಉಳಿದವರನ್ನು ಕೇಳುವವರೇ ಇರುವುದಿಲ್ಲ ಎಂದ. ನನಗೆ ಮೈಯೆಲ್ಲ ಉರಿದುಹೋಯಿತು. ಅಜ್ಜಿ ನಿನ್ನನ್ನು ಬಾಯಿಗೆ ಬಂದ ಹಾಗೆ ಬೈಯುವಾಗಲೂ ಈ ಮನುಷ್ಯ ಹೀಗೇ ನಡುವೆ ನಿಂತಿರುತ್ತಿದ್ದನಲ್ಲ, ನೀನು ಅವನನ್ನು ಬಿಟ್ಟು ಬಂದದ್ದೇ ಸರಿ ಅನ್ನಿಸಿತು. ನಾಲ್ಕು ದಿನ ಅಪ್ಪ ಕೈಗೇ ಸಿಗಲಿಲ್ಲ ಎಂದು ಫೋನಿನಲ್ಲಿ ಹೇಳಿದ್ದೆನಲ್ಲ, ಅದು ಸುಳ್ಳು ಅಮ್ಮ. ಮಾತು ಬಿಟ್ಟವಳು ನಾನು.

ಐದನೆಯ ದಿನ ಎರಡೂ ದೇಶಗಳ ಮಂತ್ರಿಗಳು ಬಂದರು. ಅಪ್ಪ ಮಾಡುವ ಕೆಲಸವಾದರೂ ಏನು ಎಂದು ನೋಡುವ ಕುತೂಹಲ ತಡೆಯಲಾಗದೆ ನಾನೂ ಕಚೇರಿಗೆ ಹೋಗಿ ಕಾರಿಡಾರಿನ ಬೆಂಚಿನಲ್ಲಿ ಕೂತೆ. ಮಂತ್ರಿಗಳು ಒಂದೇ ಕೋಣೆಯಲ್ಲಿ ಕೂರಲು ಒಪ್ಪಲಿಲ್ಲ. ನಮ್ಮ ಮಂತ್ರಿ ಬೆಲ್ಕೊ ಎಡಗಡೆಯ ಕೋಣೆಯಲ್ಲಿ, ಆಚೆಯವರು ಬಲಗಡೆಯ ಕೋಣೆಯಲ್ಲಿ. ನಡುವೆ ಕಾರಿಡಾರಿನಲ್ಲಿ ಅಪ್ಪ, ಊದಿದ ಮೊಣಕಾಲು ಎಳೆದುಕೊಂಡು ಅಲ್ಲಿಂದಿಲ್ಲಿಗೆ, ಇಲ್ಲಿಂದಲ್ಲಿಗೆ. ಗುಮಾಸ್ತರ ಕೈಯಲ್ಲಿ ಕಾಗದ ಕಳಿಸಬಾರದಾ ಅಂದೆ. "ಕಾಗದ ಓದ್ತಾರೆ. ನಾನೇ ಹೋದ್ರೆ ಮುಖ ನೋಡಬೇಕಾಗುತ್ತಲ್ಲ" ಅಂದ.

ಜಗಳವೆಲ್ಲ ಒಂದೇ ಮಾತಿನ ಮೇಲೆ. ಒಪ್ಪಂದದಲ್ಲಿ ನಮ್ಮ ಹುಡುಗರನ್ನು "ಗಡಿ ನುಸುಳಿದವರು" ಎಂದು ಬರೆಯಬೇಕು ಎಂದು ಅವರ ಹಟ, "ಅಪಹರಣಕ್ಕೊಳಗಾದವರು" ಎಂದು ಬರೆಯಬೇಕು ಎಂದು ಬೆಲ್ಕೊನ ಹಟ. ಮಧ್ಯಾಹ್ನದ ನಮಾಜಿಗೆ ಇಬ್ಬರೂ ಎದ್ದು ಬಂದು ಒಂದೇ ಸಾಲಿನಲ್ಲಿ ನಿಂತರು. ನಡುವೆ ಅಪ್ಪ. ಹೆಗಲಿಗೆ ಹೆಗಲು ತಾಗಿಸಿ ನಿಂತವರು, ಮುಗಿದ ಕೂಡಲೇ ಮತ್ತೆ ತಮ್ಮ ತಮ್ಮ ಕೋಣೆ ಸೇರಿ ಬಾಗಿಲು ಹಾಕಿಕೊಂಡರು.

ಅಪ್ಪ ಬಂದು ನನ್ನ ಪಕ್ಕ ಕೂತ. ಮೊಣಕಾಲು ಉಜ್ಜಿಕೊಳ್ಳುತ್ತಾ, "ಪೆಂಡಾ, ಸಾಂಬೋ ಆಚೆ ದಡಕ್ಕೆ ಹೋಗಿದ್ದಾದ್ರೂ ಯಾಕೆ?" ಎಂದು ಕೇಳಿದ.

"ಯಾಕೆ ಅಂದ್ರೆ? ಕೆಂಪು ಹಸು ನೀರಿಗಿಳೀತು, ಮಂದೆ ಪೂರ್ತಿ ಅದರ ಹಿಂದೆ ಹೋಯ್ತು. ಇವರೂ ದನಗಳ ಹಿಂದೆ ಹೋದ್ರು. ಬಿಟ್ಟು ಬರೋಕಾಗುತ್ತಾ?" ಎಂದು ರೇಗಿದೆ.

ಅವನು ನನ್ನನ್ನೇ ನೋಡಿದ. ಹತ್ತು ವರ್ಷದವನಿರುವಾಗ ಅವನೂ ಅದೇ ದಡದಲ್ಲಿ ದನ ಕಾಯ್ದವನಲ್ಲವೇ. ಎದ್ದು ಬಲಗಡೆಯ ಕೋಣೆಗೆ ಹೋದ. ಸ್ವಲ್ಪ ಹೊತ್ತಿಗೆ ಒಳಗಿಂದ ನಗು ಕೇಳಿಸಿತು. "ಹಾಗಾದ್ರೆ ತಪ್ಪೆಲ್ಲ ಹಸುಗಳದ್ದು ಅನ್ನಿ!" ಎನ್ನುತ್ತಾ ಆಚೆಯವರು ಸಹಿ ಹಾಕಿದರು. ಕಾಗದದಲ್ಲಿ "ದನಗಳ ಹಿಂದೆ ಹೋದವರು" ಎಂದಷ್ಟೇ ಇತ್ತು.

ಎಡಗಡೆ ಮಾತ್ರ ಬೆಲ್ಕೊ ಕೂಗಾಡಿದ್ದು ಕಾರಿಡಾರಿನ ತುದಿಗೂ ಕೇಳಿಸಿತು.

"ಇದಕ್ಕೆ ಸಹಿ ಹಾಕಿದ್ರೆ ನಮ್ಮವರೇ ಗಡಿ ದಾಟಿದ್ರು ಅಂತ ಒಪ್ಪಿಕೊಂಡ ಹಾಗೆ. ನೀವು ನಮ್ಮವರೋ, ಅವರ ಕಡೆಯವರೋ?"

"ಈ ಕುರ್ಚಿಯಲ್ಲಿ ಇರೋವರೆಗೆ ನಾನು ಯಾರ ಕಡೆಯವನೂ ಅಲ್ಲ."

"ಆ ಕುರ್ಚಿ ಇನ್ನೆಷ್ಟು ದಿನ ಇರುತ್ತೆ, ನಾವೂ ನೋಡ್ತೀವಿ."

"ನೋಡಿ. ಅಷ್ಟರಲ್ಲಿ ಇದಕ್ಕೊಂದು ಸಹಿ ಹಾಕಿಬಿಡಿ."

ಬೆಲ್ಕೊ ಸಹಿ ಹಾಕಿದ. ಸೆರೆಯಲ್ಲಿದ್ದವರ ತಾಯಂದಿರು ಅವನ ಮನೆ ಮುಂದೆ ಕೂತಿರುವುದು ಅವನಿಗೆ ಗೊತ್ತಿತ್ತಲ್ಲ.

ಅವನು ಆಡಿದ್ದು ಬರೀ ಬಾಯಿಮಾತಲ್ಲ. ಮೊನ್ನೆ ನಮ್ಮ ಸರ್ಕಾರದಿಂದ ತಂತಿ ಬಂತು. ಎರಡನೆಯ ಅವಧಿಗೆ ಅಪ್ಪನ ಹೆಸರನ್ನು ಸೂಚಿಸುವುದಿಲ್ಲವಂತೆ. ಸ್ವಂತ ದೇಶವೇ ಸೂಚಿಸದ ಮೇಲೆ ಬೇರೆ ಯಾರು ಕೇಳುತ್ತಾರೆ? ಅಪ್ಪ ಅದನ್ನು ಓದಿ, ಮಡಿಚಿಟ್ಟು, ನಿನ್ನ ಊಟ ಆಯ್ತಾ ಎಂದ.

"ಬೇಜಾರಾಯ್ತಾ ಅಪ್ಪ?"

"ಆಯ್ತು."

ನನಗೆ ತಿಳಿವಳಿಕೆ ಬಂದಾಗಿನಿಂದ ಅವನ ಬಾಯಲ್ಲಿ ನಾನು ಕೇಳಿದ ಮೊದಲ ನೇರ ಉತ್ತರ ಅದು. ನಿನಗೂ ಅವನು ಹೀಗೆ ಒಂದು ಉತ್ತರ ಕೊಟ್ಟಿದ್ದರೆ ಏನಾಗುತ್ತಿತ್ತು ಎಂದು ಆಮೇಲೆ ಬಹಳ ಹೊತ್ತು ಯೋಚಿಸಿದೆ. ಅವನನ್ನು ಕೇಳುವ ಧೈರ್ಯವಾಗಲಿಲ್ಲ.

ಸಾಂಬೋನ ಬೆನ್ನಿಗೆ ನನ್ನ ಪರವಾಗಿ ಒಂದು ಗುದ್ದು ಕೊಡು. ಮುಂದಿನ ವಾರ ಹೊರಡುತ್ತೇನೆ.

ನಿನ್ನ ಮಗಳು,
ಪೆಂಡಾ

ಮರೆತೆ: ವರ್ಷದ ಕೊನೆಗೆ ಅಪ್ಪನ ಅವಧಿ ಮುಗಿಯುತ್ತದೆ. ಊರಿನಲ್ಲಿ ಅವನಿಗೊಂದು ಸೂರಿಲ್ಲ. ನಮ್ಮ ಅಂಗಳದ ಮೂಲೆಯ ಕೋಣೆ ಖಾಲಿಯಿದೆ, ಬೇಕಾದರೆ ಬಂದಿರಲಿ ಎಂದು ಅಮ್ಮನೇ ಹೇಳಿ ಕಳಿಸಿದ್ದಾಳೆ ಅಂದುಬಿಟ್ಟೆ. ಬೈಯಬೇಡ. ಆ ಕೋಣೆಯ ಕಿಟಕಿ ಯಾವ ಕಡೆಗಿದೆ ಎಂದು ಆಗಲೇ ಎರಡು ಸಲ ಕೇಳಿದ್ದಾನೆ.