ನಿಲ್ಲಿಸು ಎಂದ ಮೇಲೆ

ಆಗಸ್ಟ್ 4, ಸೋಮವಾರ. ಪೋರ್ಟ್ ವಿಲಾ, ಬೆಳಿಗ್ಗೆ 10.00

ತೂಕ 62.3. ಅರವತ್ತೊಂದಕ್ಕೆ ಇಳಿಯಬೇಕು. ಪಾಂಗೋ ತುದಿಯವರೆಗೆ ಓಡಿ ಬಂದೆ. ಎಡ ಮೊಣಕಾಲು ಪರವಾಗಿಲ್ಲ. ಅರ್ಧ ಪಪ್ಪಾಯಿ ತಿಂದೆ, ಅಷ್ಟೇ.

ಪಂದ್ಯಕ್ಕಾಗಿ ನೂಮಿಯಾಕ್ಕೆ ಹೊರಡಲು ಇನ್ನು ಇಪ್ಪತ್ತಮೂರು ದಿನ. ಗೆದ್ದರೆ ಪೆಸಿಫಿಕ್ ಚಿನ್ನ ನಾಲ್ಕನೆಯದು. ಈ ಊರಿನ ಕೋಳಿಗಳಿಗೂ ನನ್ನ ಹೆಸರು ಗೊತ್ತು ಅಂತ ಕಲ್ಮೆಟ್ ಮಾವನ ಗೇಲಿ. ಒಂಬತ್ತನೇ ವಯಸ್ಸಿನಿಂದ ಕರಾಟೆ ಕಲಿಸಿದ್ದು ಅವರೇ, ಅಮ್ಮನ ತಮ್ಮ.

ಲೇವಿಯಾ ಚಿಕ್ಕಮ್ಮನ ಮಗಳು ಅನ್ನಿವಾ ಇವತ್ತೂ ತಡ. ಚಿಕ್ಕಮ್ಮನ ಜೊತೆ ಮಾರ್ಕೆಟ್ಟಿಗೆ ಲಪ್‌ಲಪ್ ಕಡುಬು ಹೊತ್ತು, ಅಲ್ಲಿಂದ ಓಡೋಡಿ ಬಂದಳು. ಮೈಯೆಲ್ಲ ತೆಂಗಿನ ಹಾಲಿನ ವಾಸನೆ. ಬೈಯಲಾಗುವುದಿಲ್ಲ. ಈ ದ್ವೀಪದಲ್ಲಿ ನನ್ನ ಎತ್ತರ, ನನ್ನ ತೂಕದ ಹುಡುಗಿ ಅವಳೊಬ್ಬಳೇ. ಅವಳಿಲ್ಲದಿದ್ದರೆ ಗೋಡೆಯ ಜೊತೆ ಆಡಬೇಕು.

ಆಗಸ್ಟ್ 7, ಗುರುವಾರ

ಕರಾಟೆ ಸಂಘದವರು ಇಬ್ಬರು ನೋಡಲು ಬಂದಿದ್ದರು. ಅನ್ನಿವಾ ನನ್ನ ಮೇಲೆ ಮೂರು ಪಾಯಿಂಟ್ ತೆಗೆದಳು. ಮೂರೂ ಸ್ವಚ್ಛ. ಒಬ್ಬ ಕಡಲೆಕಾಯಿ ಸುಲಿಯುತ್ತಾ ಮಾವನನ್ನು ಕೇಳಿದ — "ಇವರಲ್ಲಿ ಚಾಂಪಿಯನ್ ಯಾರಪ್ಪಾ? ಆ ಚಿಕ್ಕೋಳಾ?"

ಮಾವ ನಕ್ಕರು.

ನನಗೆ ಮೂವತ್ತೊಂದು. ಅವಳಿಗೆ ಹತ್ತೊಂಬತ್ತು.

ಆಗಸ್ಟ್ 9, ಶನಿವಾರ

ಕೊನೆಯ ಸುತ್ತು. ಅನ್ನಿವಾ ಮತ್ತೆ ಹೊಡೆದು ಪಾಯಿಂಟ್ ಎತ್ತಿದಳು. ಮಾವ ನಿಲ್ಲಿಸು ಎಂದು ಕೂಗಿದರು. ಅವಳು ಕೈ ಇಳಿಸಿದಳು. ನನ್ನ ಒದೆ ಅವಳ ಕಿವಿಯ ಮೇಲೆ ಬಿತ್ತು. ಬೀಳುವಾಗ ತಲೆ ಚಾಪೆಯ ಆಚೆ, ಸಿಮೆಂಟಿಗೆ ತಾಗಿತು.

ನಾನು ಕೂಗು ಕೇಳಿಸಲಿಲ್ಲ ಎಂದೆ. ಕಾಲು ಆಗಲೇ ಹೊರಟಿತ್ತು ಎಂದೆ.

ಎದ್ದು ಕೂತು ನಕ್ಕಳು. ಆಮೇಲೆ ಸಭಾಂಗಣದ ಹಿಂದೆ ಹೋಗಿ ವಾಂತಿ. ಮಾವ ಎಳನೀರು ಕುಡಿಸಿದರು. ಇವತ್ತಿಗೆ ಸಾಕು ಅಂದರು.

ಆಗಸ್ಟ್ 11, ಸೋಮವಾರ

ಬಂದಳು. ಅಣ್ಣನ ಟೋಪಿ ಕಣ್ಣಿನವರೆಗೂ ಎಳೆದುಕೊಂಡಿದ್ದಳು. ಬೆಳಕು ಚುಚ್ಚುತ್ತದಂತೆ. ಮೆಲ್ಲಗೆ ಆಡೋಣ ಎಂದೆ. ಮೆಲ್ಲಗೇ ಆಡಿದೆವು. ಆದರೂ ಆಡಿದೆವು.

ಆಗಸ್ಟ್ 13, ಬುಧವಾರ

ವಿಮಾನ ಯಾವತ್ತು ಎಂದು ಕೇಳಿದಳು. ಹೇಳಿದೆ. ನೀರು ಕುಡಿದು ಬಂದು ಮತ್ತೆ ಅದನ್ನೇ ಕೇಳಿದಳು. ಕಲಿಯಲು ಬರುವ ಹುಡುಗರು ನಕ್ಕರು. ಅವಳೂ ನಕ್ಕಳು. ನಾನೂ...

ತಲೆನೋವಿನ ಮಾತ್ರೆ ಎರಡು ಕೊಟ್ಟೆ. ನನ್ನ ಬ್ಯಾಗಿನದೇ.

ಎರಡು ವರ್ಷದ ಹಿಂದೆ ನ್ಯೂಜಿಲೆಂಡಿನಿಂದ ಒಬ್ಬ ಡಾಕ್ಟರ್ ಬಂದು ಪಾಠ ಮಾಡಿದ್ದರು. ತಲೆಗೆ ಪೆಟ್ಟಾಗಿ ವಾಂತಿಯಾದರೆ ಆಟ ಬಂದ್, ನೇರ ಆಸ್ಪತ್ರೆ. ಮಾವ ಪಕ್ಕದಲ್ಲಿ ತೂಕಡಿಸುತ್ತಿದ್ದರು. ನಾನಲ್ಲ. ನಾನು ಎಲ್ಲ ಬರೆದುಕೊಂಡಿದ್ದೆ.

ಆಗಸ್ಟ್ 16, ಶನಿವಾರ

ಲೇವಿಯಾ ಚಿಕ್ಕಮ್ಮ ಮನೆಗೆ ಬಂದಿದ್ದರು. ಎಲೆಯಲ್ಲಿ ಸುತ್ತಿ ಬೇಯಿಸಿದ ಸಿಂಬೊರೊ ಕಡುಬು ತಂದಿದ್ದರು, ತೂಕ ಇಳಿಸುವವಳು ತಿನ್ನಬಾರದು ಅಂತ ಗೊತ್ತಿದ್ದೂ. ಕೂತು, ಅಂಟಂಟಾದ ಬೆರಳು ಒರೆಸಿಕೊಂಡು ಕೇಳಿದರು.

"ಲೇಪಾಕೋ, ನೀನು ದೊಡ್ಡೋಳು. ಅವಳು ನನ್ ಹತ್ರ ಏನೂ ಹೇಳಲ್ಲ. ಮೂರು ದಿನದಿಂದ ಮಾರ್ಕೆಟ್ಟಲ್ಲಿ ಚಿಲ್ಲರೆ ಲೆಕ್ಕವೇ ತಪ್ತಾಳೆ. ಪೆಟ್ಟು ಗಿಟ್ಟು ಬಿತ್ತಾ?"

"ಸ್ವಲ್ಪ ತಗುಲ್ತು ಚಿಕ್ಕಮ್ಮ. ಬಿಸಿಲಿಗೂ ಇರಬಹುದು."

"ನೀನಿದ್ದೀಯಲ್ಲ, ಬಿಡು," ಅಂದರು. ನೆಮ್ಮದಿಯಾಗಿ ಹೋದರು.

ಆಗಸ್ಟ್ 19, ಮಂಗಳವಾರ

ಮಾವನಿಗೆ ಹೇಳಿದೆ, ಅವಳನ್ನು ಡಾಕ್ಟರಿಗೆ ತೋರಿಸೋಣ ಅಂತ. ಅವರು ಚಾಪೆ ಒರೆಸುತ್ತಲೇ ಇದ್ದರು. ತೋರಿಸಿದರೆ ಹೇಗಾಯಿತು ಅಂತ ಬರೆದುಕೊಳ್ಳುತ್ತಾರೆ, ಬರೆದದ್ದು ಸಂಘಕ್ಕೆ ಹೋಗುತ್ತದೆ, ನಿನ್ನನ್ನು ತಂಡದಿಂದ ತೆಗೆಯುತ್ತಾರೆ ಅಂದರು. ಆಮೇಲೆ ತಲೆ ಎತ್ತಿ —

"ಗೆದ್ದು ಬಾ. ಬಂದ ಮಾರನೇ ದಿನ ನಾನೇ ಕರ್ಕೊಂಡು ಹೋಗ್ತೀನಿ. ನನಗೂ ಅವಳು ಅಕ್ಕನ ಮಗಳೇ."

ಇನ್ನೊಂದು ಮಾತು. ಇಲ್ಲಿಯಾದರೂ ಬರೆಯಬೇಕು. ಅವತ್ತು ಕೂಗು ಕೇಳಿಸಿತ್ತು. ಚೆನ್ನಾಗಿ ಕೇಳಿಸಿತ್ತು. ಕಾಲು ಇನ್ನೂ ನೆಲದ ಮೇಲಿತ್ತು.

ಆಗಸ್ಟ್ 21, ಗುರುವಾರ

ಅನ್ನಿವಾಳಿಗೆ ಬರಬೇಡ ಎಂದಿದ್ದೆ. ಬಂದಳು. "ನಾನು ಬರ್ದೇ ಇದ್ರೆ ಯಾರ್ ಜೊತೆ ಆಡ್ತೀಯಾ ಅಕ್ಕ? ಮಾವನ ಹೊಟ್ಟೆ ಜೊತೆನಾ?"

ಬೇಡ ಎನ್ನಬಹುದಿತ್ತು. ಕೈಗವಸು ಹಾಕಿಕೊಂಡೆ.

ನನ್ನ ಏಟು ಅವಳ ಕೆನ್ನೆಗೆ ತಾಗಿತು, ಬರೀ ತಾಗಿತು. ಅವಳು ನಿಧಾನವಾಗಿ ಕೂತಳು, ಬಸ್ಸು ಕಾಯುವವರ ಹಾಗೆ. ಕರೆದರೆ ನನ್ನ ಕಡೆ ನೋಡಿದಳು. ಆದರೆ ನನ್ನನ್ನು ನೋಡಲಿಲ್ಲ. ಸ್ವಲ್ಪ ಹೊತ್ತಾದ ಮೇಲೆ ಮಾವ ಅವಳನ್ನು ಮನೆಗೆ ಬಿಟ್ಟು ಬಂದರು.

ಆಗಸ್ಟ್ 28, ಗುರುವಾರ. ನೂಮಿಯಾ

ತೂಕ 60.8. ಸರಿಯಾಗಿದೆ. ನಿನ್ನೆ ವಿಮಾನ ನಿಲ್ದಾಣಕ್ಕೆ ಅನ್ನಿವಾ ಬರಲಿಲ್ಲ. ನಿದ್ದೆ ಮಾಡುತ್ತಿದ್ದಾಳೆ, ಇತ್ತೀಚೆಗೆ ಬರೀ ನಿದ್ದೆ ಎಂದರು ಚಿಕ್ಕಮ್ಮ. ಮಾವ ಬಂದಿಲ್ಲ, ಸಂಘದವರು ಒಬ್ಬರಿಗೇ ಟಿಕೆಟ್ ಕೊಟ್ಟದ್ದು. ಒಂದು ವಾರದಿಂದ ಏನೂ ಬರೆದಿರಲಿಲ್ಲ. ಬರೆಯಲು ಕೂತರೆ ಅದೇ ಬರುತ್ತದೆ.

ಆಗಸ್ಟ್ 30, ಶನಿವಾರ. ಸಂಜೆ 4

ಗೆದ್ದೆ. 5-2.

ಕೊನೆಯ ಮೂರು ಪಾಯಿಂಟ್ ತಲೆಗೆ ಎತ್ತಿದ ಒದೆಗೆ. ಎದುರಿನವಳ ಕಿವಿಯ ಹತ್ತಿರ ಕಾಲು ನಿಲ್ಲಿಸಿದೆ, ಕೂದಲು ಅಲ್ಲಾಡಿತು ಅಷ್ಟೇ. ರೆಫರಿ ಆಮೇಲೆ ಕೈ ಕುಲುಕಿದರು. ಇಂಥ ಹಿಡಿತ ನೋಡಿ ಬಹಳ ದಿನವಾಗಿತ್ತು ಅಂದರು.

ಬಚ್ಚಲಿಗೆ ಹೋಗಿ ಚಿಲಕ ಹಾಕಿಕೊಂಡೆ. ನಿಲ್ಲಿಸಬಲ್ಲೆ. ಯಾವತ್ತೂ ನಿಲ್ಲಿಸಬಲ್ಲವಳೇ.

ಮಾವನಿಗೆ ನಾಲ್ಕು ಸಲ ಫೋನ್. ಎತ್ತಲಿಲ್ಲ.

ಸೆಪ್ಟೆಂಬರ್ 1, ಸೋಮವಾರ. ಪೋರ್ಟ್ ವಿಲಾ

ಹೂಹಾರ, ಬಾವುಟ ಕಟ್ಟಿದ ಟ್ರಕ್ಕು, ಶಾಲೆಯ ಮಕ್ಕಳ ಹಾಡು. ಮಾವ ಹಾರ ಹಾಕುವಾಗ ಮುಖ ನೋಡಲಿಲ್ಲ. ಅನ್ನಿವಾ ಎಲ್ಲಿ ಎಂದೆ. ಆಮೇಲೆ ಹೇಳ್ತೀನಿ ಅಂದರು. ಈಗಲೇ ಹೇಳಿ ಎಂದೆ.

ಶುಕ್ರವಾರ ಬೆಳಿಗ್ಗೆ ಎಬ್ಬಿಸಿದರೆ ಏಳಲಿಲ್ಲವಂತೆ. ಆಸ್ಪತ್ರೆ. ತಲೆಯೊಳಗೆ ರಕ್ತ. ಆಪರೇಷನ್ನಿಗೆ ಬ್ರಿಸ್ಬೇನಿಗೆ ಒಯ್ಯಬೇಕು, ವಿಮಾನ ನಾಳೆ. ಪೆಟ್ಟು ಯಾವತ್ತು ಬಿತ್ತು, ಎಷ್ಟು ಸಲ ಅಂತ ಡಾಕ್ಟರ್ ಮೂರು ದಿನದಿಂದ ಕೇಳುತ್ತಿದ್ದಾರೆ. ಗೊತ್ತಿಲ್ಲ ಎಂದಿದ್ದಾರೆ ಮಾವ.

"ಇದು ಮನೆಯೊಳಗಿನ ಮಾತು. ಚಾಪೆ ಹಾಸಿ, ಕುಡಿಯೋಕೆ ಕಾವಾ ಇಟ್ಟು, ಅಕ್ಕನ ಹತ್ರ ತಪ್ಪಾಯ್ತು ಅಂತ ಕೇಳೋಣ. ಕಾಗದಕ್ಕೆ ಯಾಕೆ ಹಾಕಿಸ್ಬೇಕು?"

ಟ್ರಕ್ಕಿನಿಂದ ಇಳಿದು ಆಸ್ಪತ್ರೆಗೆ ನಡೆದೆ. ಹಾರ ದಾರಿಯಲ್ಲಿ ಎಲ್ಲೋ ಬಿತ್ತು. ಡಾಕ್ಟರಿಗೆ ಎಲ್ಲ ಹೇಳಿದೆ — ಒಂಬತ್ತನೇ ತಾರೀಕು, ಸಿಮೆಂಟು, ವಾಂತಿ, ಮಾತ್ರೆ, ಇಪ್ಪತ್ತೊಂದನೇ ತಾರೀಕು. ಅವರು ಬರೆದುಕೊಂಡರು. ಎರಡನೇ ಪೆಟ್ಟನ್ನು ಬರೆಯುವಾಗ ಪೆನ್ನು ಒಂದು ಕ್ಷಣ ನಿಂತಿತು. ಚಿಕ್ಕಮ್ಮ ಅಲ್ಲೇ ಬೆಂಚಿನ ಮೇಲಿದ್ದರು.

ಸೆಪ್ಟೆಂಬರ್ 2, ಮಂಗಳವಾರ

ಸ್ಟ್ರೆಚರ್ ವಿಮಾನಕ್ಕೆ ಏರಿಸಿದರು. ಜಡೆ ತೆಗೆದು ತಲೆ ಬೋಳಿಸಿದ್ದಾರೆ. ಚಿಕ್ಕಮ್ಮ ಏಣಿಯ ಹತ್ತಿರ ಹೋದವರು ತಿರುಗಿ ಬಂದರು.

"ಕಲ್ಮೆಟ್ ನಿಲ್ಲಿಸು ಅಂದನಂತೆ. ಹುಡುಗರು ಹೇಳಿದ್ರು. ನಿನಗೆ ಕೇಳಿಸ್ಲಿಲ್ವಾ?"

"ಕೇಳಿಸ್ತು ಚಿಕ್ಕಮ್ಮ."

ಹೊಡೆಯುತ್ತಾರೆ ಅಂದುಕೊಂಡೆ. ಹೊಡೆದಿದ್ದರೆ... ನನ್ನನ್ನು ಸ್ವಲ್ಪ ಹೊತ್ತು ನೋಡಿದರು, ಪರಿಚಯ ಹುಡುಕುವವರ ಹಾಗೆ. ಚೀಲ ಎತ್ತಿಕೊಂಡು ಏಣಿ ಹತ್ತಿದರು.

ಸೆಪ್ಟೆಂಬರ್ 3, ಬುಧವಾರ. ಮಧ್ಯಾಹ್ನ 2.10

ಸಂಘದವರಿಗೆ ಎಲ್ಲ ಒಪ್ಪಿಕೊಂಡು ಪತ್ರ ಬರೆದು ಕೊಟ್ಟೆ, ಪದಕದ ಜೊತೆ. ಮಾವ ಬಾಗಿಲಲ್ಲಿ ನಿಂತು ಹೋದರು, ಒಳಗೆ ಬರಲಿಲ್ಲ.

ಆಪರೇಷನ್ ಬೆಳಿಗ್ಗೆ ನಮ್ಮ ಗಡಿಯಾರದ ಎಂಟಕ್ಕೆ ಶುರು, ನಾಲ್ಕು ಗಂಟೆ ಹಿಡಿಯಬಹುದು ಅಂತ ಚಿಕ್ಕಮ್ಮ ಅಮ್ಮನಿಗೆ ಹೇಳಿದ್ದರಂತೆ. ಶುರುವಾಗಿ ಆರು ಗಂಟೆ ಕಳೆಯಿತು. ನನಗಂತೂ ಅವರು ಫೋನ್ ಮಾಡುವುದಿಲ್ಲ. ಅಮ್ಮ ಬಾವಿಯ ಹತ್ತಿರ ಇದ್ದಾಳೆ. ಅಮ್ಮನ ಫೋನ್ ಮೇಜಿನ ಮೇಲಿದೆ.

ಫೋನ್ ಹೊಡೆದುಕೊಳ್ಳುತ್ತಿದೆ. ಬ್ರಿಸ್ಬೇನ್ ನಂಬರ್. ಅಮ್ಮನನ್ನು ಕರೆದೆ, ಕೇಳಿಸಲಿಲ್ಲ. ನಾನೇ ಎತ್ತುತ್ತೇನೆ.